ಚಿಚೆನ್ ಇಟ್ಜಾ ಮತ್ತು ಸೆನೋಟೆ ಒಂದೇ ದಿನದಲ್ಲಿ: ಎಷ್ಟು ಸಾಧ್ಯ, ಯಾವುದನ್ನು ಬಿಡಬೇಕು?

ಪ್ರಶ್ನೆ: ನಾವು ಡಲ್ಲಾಸ್‌ನಲ್ಲಿರುವ ಮೈಸೂರಿನವರು. ಡಿಸೆಂಬರ್ ಕೊನೆಯ ವಾರ ಐದು ದಿನ ಮೆಕ್ಸಿಕೊದ ಕ್ಯಾನ್‌ಕುನ್‌ನಲ್ಲಿರುತ್ತೇವೆ. ನಾನು, ಹೆಂಡತಿ, 11 ಮತ್ತು 7 ವರ್ಷದ ಮಕ್ಕಳು, ಊರಿಂದ ಬಂದಿರುವ ಅಪ್ಪ (72) ಮತ್ತು ಅಮ್ಮ (67). ಅಮ್ಮನಿಗೆ ಮೊಣಕಾಲು ನೋವು. ಅಪ್ಪ, ದೊಡ್ಡ ಮಗಳು ಮತ್ತು ನನಗೆ ಈಜು ಬರುತ್ತದೆ, ಉಳಿದವರಿಗೆ ಇಲ್ಲ. ಎಲ್ಲರೂ ಮೊಟ್ಟೆಯನ್ನೂ ತಿನ್ನದ ಸಸ್ಯಾಹಾರಿಗಳು. ಒಂದು ದಿನ ಖಾಸಗಿ ವ್ಯಾನ್ ಮಾಡಿಕೊಂಡು ಇಲ್ಲಿನ ಮಾಯಾ ಜನರ ಪುರಾತನ ನಗರದ ಅವಶೇಷ ಮತ್ತು ಸೆನೋಟೆ (ಸುಣ್ಣಕಲ್ಲಿನ ನೆಲ ಕುಸಿದು ಆದ ನೀರಿನ ಬಾವಿ) ನೋಡುವ ಆಸೆ. ಚಿಚೆನ್ ಇಟ್ಜಾ, ಕೋಬಾ ಎಂಬ ಎರಡು ಮಾಯಾ ನಗರ, ಎರಡು ಸೆನೋಟೆ, ವಯ್ಯಾದೊಲಿದ್ ಪಟ್ಟಣ, ಎಲ್ಲವೂ ಒಂದೇ ದಿನದಲ್ಲಿ ಎನ್ನುವ ಪ್ಯಾಕೇಜ್ ಸಿಕ್ಕಿದೆ. ತೆಗೆದುಕೊಳ್ಳಬಹುದೇ?

ಉತ್ತರ: ತೆಗೆದುಕೊಳ್ಳಬೇಡಿ. ಆ ಪ್ಯಾಕೇಜಿನಲ್ಲಿ ನಿಮ್ಮ ತಂದೆ-ತಾಯಿ ನೋಡುವುದು ವ್ಯಾನಿನ ಕಿಟಕಿಯನ್ನು ಮಾತ್ರ. ಕ್ಯಾನ್‌ಕುನ್‌ನಿಂದ ಚಿಚೆನ್ ಇಟ್ಜಾ ಸುಮಾರು 200 ಕಿಲೊಮೀಟರ್. ಅಲ್ಲಿಂದ ಕೋಬಾಗೆ ನೂರರ ಮೇಲೆ, ಕೋಬಾದಿಂದ ತುಲುಮ್ ಪಟ್ಟಣದ ಮೂಲಕ ವಾಪಸ್ ಬರಲು ಮತ್ತೆ 170ರ ಹತ್ತಿರ. ಎಲ್ಲ ಸೇರಿದರೆ ಚಕ್ರದ ಮೇಲೆಯೇ ಏಳು ಗಂಟೆ ಹೋಗುತ್ತದೆ. ಡಿಸೆಂಬರ್‌ನಲ್ಲಿ ಹಗಲು ಇರುವುದೇ ಸುಮಾರು ಹನ್ನೊಂದು ಗಂಟೆ. ಉಳಿದ ನಾಲ್ಕು ಗಂಟೆಯನ್ನು ಎರಡು ಪುರಾತನ ನಗರ, ಎರಡು ಸೆನೋಟೆ, ಒಂದು ಊಟ, ಒಂದು ಪಟ್ಟಣಕ್ಕೆ ಹಂಚಿ ನೋಡಿ, ಲೆಕ್ಕ ಕೂಡುವುದಿಲ್ಲ.

ಒಂದು ಅವಶೇಷ, ಒಂದು ನೀರು, ಒಂದು ಒಳ್ಳೆಯ ಊಟ. ಆರು ಜನರ, ಮೂರು ತಲೆಮಾರಿನ ಗುಂಪಿಗೆ ಇದೇ ಸರಿಯಾದ ಅಳತೆ. ಖಾಸಗಿ ವಾಹನಕ್ಕೆ ನೀವು ಹೆಚ್ಚಿಗೆ ಕೊಡುವ ದುಡ್ಡು ಸೀಟಿಗಲ್ಲ, ಹೊತ್ತಿಗೆ. ದೊಡ್ಡ ಬಸ್ಸುಗಳು ಬರುವ ಮೊದಲು ಒಂದು ಜಾಗದಲ್ಲಿದ್ದು, ಅವು ಬಂದಾಗ ಅಲ್ಲಿಂದ ಹೊರಟುಬಿಡುವ ಅನುಕೂಲಕ್ಕೆ. ಬಸ್ಸಿನ ಹೊತ್ತಿಗೇ ಹೋಗಿ ಬಸ್ಸಿನ ಹೊತ್ತಿಗೇ ಬರುವುದಾದರೆ ಬಸ್ಸಿನಲ್ಲೇ ಹೋಗಬಹುದಿತ್ತಲ್ಲ?

ಮೊದಲು ಗಡಿಯಾರದ ವಿಷಯ, ಏಕೆಂದರೆ ಅತಿ ಹೆಚ್ಚು ಗೊಂದಲ ಇಲ್ಲೇ ಆಗುವುದು. ಕ್ಯಾನ್‌ಕುನ್ ಇರುವುದು ಕಿಂತಾನಾ ರೋ ರಾಜ್ಯದಲ್ಲಿ, ಚಿಚೆನ್ ಇಟ್ಜಾ ಇರುವುದು ಪಕ್ಕದ ಯುಕಟಾನ್ ರಾಜ್ಯದಲ್ಲಿ. ಯುಕಟಾನ್ ಗಡಿಯಾರ ವರ್ಷವಿಡೀ ಒಂದು ಗಂಟೆ ಹಿಂದೆ. 2022ರಲ್ಲಿ ಮೆಕ್ಸಿಕೊ ಬೇಸಿಗೆಯಲ್ಲಿ ಗಡಿಯಾರವನ್ನು ಒಂದು ಗಂಟೆ ಮುಂದಿಡುವ ಪದ್ಧತಿಯನ್ನು ಕೈಬಿಟ್ಟ ಮೇಲೆ ಈ ವ್ಯತ್ಯಾಸ ಬದಲಾಗುವುದೇ ಇಲ್ಲ. ಅವಶೇಷಗಳ ಬಾಗಿಲು ತೆರೆಯುವುದು ಬೆಳಿಗ್ಗೆ 8ಕ್ಕೆ, ಅಂದರೆ ಕ್ಯಾನ್‌ಕುನ್‌ನ 9ಕ್ಕೆ. ಈ ಒಂದು ಗಂಟೆ ನಿಮಗೆ ಪುಕ್ಕಟೆ ಸಿಕ್ಕ ಲಾಭ. ಕ್ಯಾನ್‌ಕುನ್‌ನಲ್ಲಿ 6:15ಕ್ಕೆ ಹೊರಟರೆ ಎರಡೂವರೆ ಗಂಟೆಯ ದಾರಿ ಮುಗಿಸಿ ಯುಕಟಾನ್‌ನ 7:45ಕ್ಕೆ ಬಾಗಿಲ ಮುಂದೆ ಇರುತ್ತೀರಿ. ಆದರೆ ಬರುವಾಗ ಆ ಗಂಟೆಯನ್ನು ವಾಪಸ್ ಕೊಡಬೇಕು. ಸಂಜೆಗೆ ಬೇರೆ ಏನಾದರೂ ಬುಕ್ ಮಾಡಿದ್ದರೆ ಅದನ್ನು ಲೆಕ್ಕಕ್ಕೆ ಹಿಡಿಯಿರಿ. ಗಡಿಯ ಹತ್ತಿರ ಫೋನು ತಾನಾಗಿ ಸಮಯ ಬದಲಿಸುತ್ತದೆ, ಕೆಲವೊಮ್ಮೆ ಹಿಂದಕ್ಕೂ ಮುಂದಕ್ಕೂ ಕುಣಿಯುತ್ತದೆ. ಸುಲಭದ ಉಪಾಯ: ಚಳಿಗಾಲದಲ್ಲಿ ಡಲ್ಲಾಸ್ ಸಮಯ ಮತ್ತು ಯುಕಟಾನ್ ಸಮಯ ಒಂದೇ. ತಂದೆಯವರ ಕೈಗಡಿಯಾರವನ್ನು ಡಲ್ಲಾಸ್ ಸಮಯದಲ್ಲೇ ಬಿಟ್ಟುಬಿಡಿ, ದಿನವಿಡೀ ಅದನ್ನೇ ನಂಬಿ. ಚಾಲಕರ ಜೊತೆ ಹೊರಡುವ ಸಮಯ ಮಾತಾಡುವಾಗ ಮಾತ್ರ "ಕ್ಯಾನ್‌ಕುನ್ ಸಮಯ" ಎಂದು ಬರಹದಲ್ಲಿ ಹೇಳಿ.

ಯಾವ ದಿನ? ಭಾನುವಾರ ಬೇಡ. ಅಂದು ಮೆಕ್ಸಿಕೊದವರಿಗೆ ಪ್ರವೇಶ ಉಚಿತ, ಊರಿಗೆ ಊರೇ ಬಂದಿರುತ್ತದೆ. ಡಿಸೆಂಬರ್ ಕೊನೆಯ ವಾರ ಹೇಗೂ ವರ್ಷದ ಅತಿ ಜನಜಂಗುಳಿಯ ವಾರ, ಹಾಗಾಗಿ ಬೆಳಿಗ್ಗೆ ಬೇಗ ತಲುಪುವುದು ನಿಮಗೆ ಅನಿವಾರ್ಯ. 9 ಗಂಟೆಗೆ ತಲುಪಿದವರು ಟಿಕೆಟ್ ಸಾಲಿನಲ್ಲೇ ಒಂದು ಗಂಟೆ ಕಳೆದರೆ ಅದರಲ್ಲಿ ವಿಶೇಷವೇನಿಲ್ಲ. ಯುಕಟಾನ್ ಒಳನಾಡಿನ ಡಿಸೆಂಬರ್ ಬೆಳಗು ತಣ್ಣಗಿರುತ್ತದೆ, ಮಂಜೂ ಇರಬಹುದು. ಉತ್ತರದಿಂದ ಶೀತಗಾಳಿ ಬೀಸಿದ ದಿನಗಳಲ್ಲಿ, ಅದಕ್ಕೆ ಅಲ್ಲಿನವರು "ನೊರ್ತೆ" ಎನ್ನುತ್ತಾರೆ, ಹಿರಿಯರಿಗೆ ಸ್ವೆಟರ್ ಬೇಕೇ ಬೇಕು. ಹತ್ತು ಗಂಟೆಯ ಹೊತ್ತಿಗೆ ಅದನ್ನು ತೆಗೆದು ಟೋಪಿ ಹಾಕಿಕೊಳ್ಳುವ ಬಿಸಿಲು ಬಂದಿರುತ್ತದೆ.

ವಾಹನ ಗೊತ್ತುಮಾಡುವಾಗ ಕೇಳಬೇಕಾದ್ದು ಹೀಗಿದೆ. ದರ ತಲೆಗೋ, ಇಡೀ ವಾಹನಕ್ಕೋ? ಟೋಲ್, ಇಂಧನ, ಪ್ರವೇಶ ಟಿಕೆಟ್, ಸೆನೋಟೆ ಶುಲ್ಕ ಸೇರಿವೆಯೇ? "ಎಲ್ಲ ಸೇರಿ" ಎನ್ನುವ ಮಾತಿನಲ್ಲಿ ಚಿಚೆನ್ ಇಟ್ಜಾ ಟಿಕೆಟ್ ಸೇರಿರುವುದಿಲ್ಲ ಎನ್ನುವುದು ಬಹಳ ಸಲ ಬಾಗಿಲ ಮುಂದೆ ಗೊತ್ತಾಗುತ್ತದೆ. ರಾಜ್ಯದ ಗಡಿ ದಾಟಿ ಪ್ರವಾಸಿಗರನ್ನು ಒಯ್ಯುವ ವಾಹನಕ್ಕೆ ಅಲ್ಲಿನ ಕೇಂದ್ರ ಸರ್ಕಾರದ ಪರವಾನಗಿಯೂ ಪ್ರಯಾಣಿಕರ ವಿಮೆಯೂ ಇರಬೇಕು. ಕಡಿಮೆ ದರಕ್ಕೆ ಬರುತ್ತೇನೆ ಎನ್ನುವ ಸ್ಥಳೀಯ ಟ್ಯಾಕ್ಸಿಯನ್ನು ದಾರಿಯಲ್ಲಿ ತಡೆದು ನಿಲ್ಲಿಸಿದರೆ ಹಾಳಾಗುವುದು ನಿಮ್ಮ ದಿನ. ಏಳು ವರ್ಷದ ಮಗುವಿಗೆ ಬೂಸ್ಟರ್ ಸೀಟು, ತಾಯಿಯವರಿಗೆ ವ್ಯಾನ್ ಹತ್ತಲು ಒಂದು ಸಣ್ಣ ಮೆಟ್ಟಿಲು ಪೀಠ ತರಲು ಹೇಳಿ. ಎತ್ತರದ ವ್ಯಾನಿಗೆ ದಿನಕ್ಕೆ ಎಂಟು ಹತ್ತು ಸಲ ಹತ್ತಿ ಇಳಿದರೆ ಮೊಣಕಾಲು ಅವಶೇಷ ನೋಡುವ ಮೊದಲೇ ಸೋತುಹೋಗಿರುತ್ತದೆ. ಕೊನೆಯದಾಗಿ, "ದಾರಿಯಲ್ಲಿ ಯಾವ ಅಂಗಡಿಗೂ ನಿಲ್ಲಿಸಬಾರದು" ಎಂದು ಮೊದಲೇ ಬರೆದು ಒಪ್ಪಿಸಿಕೊಳ್ಳಿ. ಇಲ್ಲದಿದ್ದರೆ ಕರಕುಶಲ ಮಳಿಗೆ, ಬೆಳ್ಳಿ ಅಂಗಡಿ, "ಮಾಯಾ ಆಶೀರ್ವಾದ" ಎಂದು ಒಂದು ಗಂಟೆ ಸೋರಿಹೋಗುತ್ತದೆ. ಬಾಗಿಲು ತೆರೆಯುವ ಮೊದಲೇ ವಿಶೇಷ ಪ್ರವೇಶ ಕೊಡಿಸುತ್ತೇವೆ ಎಂದರೆ ಅದಕ್ಕೆ ಹೆಚ್ಚಿನ ದುಡ್ಡು ಕೊಡಬೇಡಿ. ಹಾಗೆಂದವರೂ ಸಾಮಾನ್ಯವಾಗಿ ನಿಮ್ಮನ್ನು ತಂದು ನಿಲ್ಲಿಸುವುದು ಎಂಟು ಗಂಟೆಯ ಅದೇ ಸಾಲಿನಲ್ಲಿ.

ಸ್ವಂತ ಬಾಡಿಗೆ ಕಾರು ಆಗದೇ? ಆಗುತ್ತದೆ, 180ಡಿ ಟೋಲ್ ರಸ್ತೆ ಚೆನ್ನಾಗಿದೆ. ಆದರೆ ಆರು ಜನಕ್ಕೆ ದೊಡ್ಡ ವಾಹನವೇ ಬೇಕು, ಆನ್‌ಲೈನಿನಲ್ಲಿ ಕಾಣುವ ಅಗ್ಗದ ಬಾಡಿಗೆಯಲ್ಲಿ ಅಲ್ಲಿನ ಕಡ್ಡಾಯ ಮೂರನೇ ವ್ಯಕ್ತಿ ವಿಮೆ ಸೇರಿರುವುದಿಲ್ಲ, ಹಳ್ಳಿಗಳಲ್ಲಿ "ತೋಪೆ" ಎನ್ನುವ ಎತ್ತರದ ರಸ್ತೆ ಉಬ್ಬುಗಳು ಎಚ್ಚರಿಕೆಯಿಲ್ಲದೆ ಎದುರಾಗುತ್ತವೆ, ಸಂಜೆ ವಾಪಸಾಗುವಾಗ ಕತ್ತಲು. ಹಿರಿಯರಿದ್ದಾಗ ಚಾಲಕರಿರುವ ವಾಹನವೇ ವಾಸಿ. ಮಾಯಾ ರೈಲು 2023ರ ಡಿಸೆಂಬರ್‌ನಿಂದ ಓಡುತ್ತಿದೆ, ಚಿಚೆನ್ ಇಟ್ಜಾ ಹೆಸರಿನ ನಿಲ್ದಾಣವೂ ಇದೆ. ಆದರೆ ಎಂಟು ಗಂಟೆಗೆ ಬಾಗಿಲಲ್ಲಿರಬೇಕು ಎನ್ನುವ ನಿಮ್ಮ ಯೋಜನೆಗೆ ಅದು ಹೊಂದುವುದಿಲ್ಲ.

ಟೋಲ್ ರಸ್ತೆಯಲ್ಲಿ ಶೌಚಾಲಯ, ಪೆಟ್ರೋಲ್ ಬಂಕ್ ಬಹಳ ವಿರಳ, ಎರಡೂ ಬದಿ ಬರೀ ಕುರುಚಲು ಕಾಡು. ನಡುವೆ ಸಿಗುವ ನಿಲುಗಡೆಯಲ್ಲಿ ಯಾರಿಗೂ ಅವಸರ ಇಲ್ಲದಿದ್ದರೂ ಒಮ್ಮೆ ಇಳಿಯಿರಿ. ಪಿಸ್ತೆ ಎನ್ನುವ ಊರು ಬಂದಾಗ ರಸ್ತೆಯಲ್ಲಿ ನಿಂತು ಕೈಬೀಸಿ "ಟಿಕೆಟ್ ಇಲ್ಲೇ" ಎಂದು ಕರೆಯುವವರು ಸಿಗಬಹುದು. ಸಮವಸ್ತ್ರದಂಥ ಅಂಗಿ ಹಾಕಿದ್ದರೂ ನಿಲ್ಲಬೇಡಿ, ಟಿಕೆಟ್ ಸಿಗುವುದು ಬಾಗಿಲಲ್ಲೇ. ಅಲ್ಲಿ ಎರಡು ಶುಲ್ಕ ಕಟ್ಟಬೇಕು: ಒಂದು ಕೇಂದ್ರದ ಪುರಾತತ್ವ ಸಂಸ್ಥೆಯದು, ಇನ್ನೊಂದು ಯುಕಟಾನ್ ರಾಜ್ಯದ್ದು. ಎರಡೂ ಸೇರಿ ವಿದೇಶಿ ವಯಸ್ಕರಿಗೆ 600 ಪೆಸೊ ದಾಟಿದೆ, ಪ್ರತಿ ಜನವರಿಯಲ್ಲಿ ಏರುವುದುಂಟು. 13 ವರ್ಷದೊಳಗಿನ ಮಕ್ಕಳಿಗೆ ಕೇಂದ್ರದ ಭಾಗ ಇಲ್ಲ. ವಯಸ್ಸು ತೋರಿಸಲು ಪಾಸ್‌ಪೋರ್ಟ್ ಪ್ರತಿ ಇರಲಿ. ಎರಡೂ ಚೀಟಿ ಕೈಗೆ ಬಂದವೇ ಎಂದು ನೋಡಿಕೊಂಡು ಒಳಗೆ ಹೋಗಿ. ನಗದು ಪೆಸೊ ಇಟ್ಟುಕೊಳ್ಳಿ. ಕಾರ್ಡ್ ಯಂತ್ರ ಕೈಕೊಡುವುದು ಇಂಥ ಕಡೆ ಮಾಮೂಲು. ಎಟಿಎಂ "ಡಾಲರ್‌ಗೆ ಪರಿವರ್ತಿಸಲೇ" ಎಂದು ಕೇಳಿದರೆ ಬೇಡ ಎನ್ನಿ, ಆ ದರ ಯಾವಾಗಲೂ ನಿಮಗೆ ನಷ್ಟದ್ದೇ.

ಮಾರ್ಗದರ್ಶಿ ಬೇಕೇ? ಮಕ್ಕಳಿರುವುದರಿಂದ ಬೇಕು. ಈ ಜಾಗದಲ್ಲಿ ಫಲಕಗಳು ಹೇಳುವುದು ಕಡಿಮೆ. ವ್ಯಾನ್ ಓಡಿಸುವವರಿಗೆ ಸರ್ಕಾರಿ ಮಾರ್ಗದರ್ಶಿ ಪತ್ರ ಇಲ್ಲದಿದ್ದರೆ ಅವರು ಒಳಗೆ ವಿವರಿಸುವಂತಿಲ್ಲ, ಹೊರಗೇ ಕಾಯುತ್ತಾರೆ. ಬಾಗಿಲಲ್ಲಿ ಪತ್ರವಿರುವ ಮಾರ್ಗದರ್ಶಿಗಳು ಸಿಗುತ್ತಾರೆ, ದರ ಇಡೀ ಗುಂಪಿಗೆ. ಒಂದೂವರೆ ಗಂಟೆ ಸಾಕು. ಒಂದು ಎಚ್ಚರಿಕೆ: ನೀವು ಭಾರತದವರೆಂದು ತಿಳಿದ ಕೂಡಲೇ ಕೆಲವರು ಮಯಾಸುರನಿಗೂ ಮಾಯಾ ಜನರಿಗೂ ಗಂಟು ಹಾಕುತ್ತಾರೆ. ವಾಟ್ಸಾಪಿನಲ್ಲೂ ಇದು ಓಡಾಡುತ್ತದೆ. ಹೆಸರಿನ ಸದ್ದು ಹೊಂದುತ್ತದೆ ಎನ್ನುವುದನ್ನು ಬಿಟ್ಟರೆ ಅದಕ್ಕೆ ಯಾವ ಆಧಾರವೂ ಇಲ್ಲ.

ಒಳಗಿನ ನಡಿಗೆ ಹೀಗಿರಲಿ. ಎಂಟಕ್ಕೆ ಒಳಹೊಕ್ಕವರೆಲ್ಲ ನೇರ ಪಿರಮಿಡ್ಡಿನ ಮುಂದೆ ಹೋಗಿ ನಿಲ್ಲುತ್ತಾರೆ. ನೀವೂ ಹೋಗಿ, ಜನವಿಲ್ಲದ ಚಿತ್ರ ಸಿಗುವುದು ಆ ಇಪ್ಪತ್ತು ನಿಮಿಷದಲ್ಲಿ ಮಾತ್ರ. ಸ್ಪೇನಿನವರು ಎಲ್ ಕಸ್ತಿಯೊ ಎಂದು ಕರೆದ ಇದು ಕುಕುಲ್ಕಾನ್ ಎಂಬ ಗರಿಯುಳ್ಳ ಸರ್ಪದೇವನ ಗುಡಿ. ಎತ್ತರ ಮೇಲಿನ ಗುಡಿ ಸೇರಿ 30 ಮೀಟರ್, ತಳದ ಒಂದೊಂದು ಬದಿ ಸುಮಾರು 55 ಮೀಟರ್. ನಾಲ್ಕು ಕಡೆಯೂ 91 ಮೆಟ್ಟಿಲು, ಅಲ್ಲಿಗೆ 364, ಮೇಲಿನ ಜಗುಲಿ ಒಂದು ಸೇರಿದರೆ 365. ದೊಡ್ಡ ಮಗಳಿಗೆ ಈ ಲೆಕ್ಕ ತಾನೇ ಮಾಡಲು ಬಿಡಿ. ಮಾಯಾ ಜನರಿಗೆ 365 ದಿನದ ಒಂದು ವರ್ಷ, 260 ದಿನದ ಇನ್ನೊಂದು ಪಂಚಾಂಗ ಇತ್ತು. ಎರಡೂ ಮತ್ತೆ ಒಂದೇ ದಿನಕ್ಕೆ ಸೇರುವುದು 52 ವರ್ಷಕ್ಕೊಮ್ಮೆ. ನಗರ ಮೆರೆದದ್ದು ಸುಮಾರು 600ರಿಂದ 1200ರ ನಡುವೆ. ತಂದೆಯವರಿಗೆ ಕಾಲದ ಅಂದಾಜು ಕೊಡಬೇಕಾದರೆ, ನಮ್ಮಲ್ಲಿ ಬಾದಾಮಿ ಚಾಲುಕ್ಯರಿಂದ ಕಲ್ಯಾಣದ ಚಾಲುಕ್ಯರವರೆಗಿನ ಅವಧಿ ಎನ್ನಿ.

ಮೆಟ್ಟಿಲ ಎದುರು ನಿಂತು ಚಪ್ಪಾಳೆ ತಟ್ಟಿದರೆ ಪ್ರತಿಧ್ವನಿ ಹಕ್ಕಿಯ ಚಿಲಿಪಿಲಿಯಂತೆ ಇಳಿಯುತ್ತ ಬರುತ್ತದೆ. ಪ್ರತಿ ಮೆಟ್ಟಿಲೂ ಸದ್ದನ್ನು ಸ್ವಲ್ಪ ಸ್ವಲ್ಪ ತಡವಾಗಿ ಹಿಂದಿರುಗಿಸುವುದರಿಂದ ಹೀಗಾಗುತ್ತದೆ. ಒಂಬತ್ತೂವರೆಯ ಮೇಲೆ ನೂರು ಜನ ಒಟ್ಟಿಗೆ ತಟ್ಟುತ್ತಿರುತ್ತಾರೆ, ಆಗ ಏನೂ ಕೇಳಿಸುವುದಿಲ್ಲ. ಪಿರಮಿಡ್ ಹತ್ತುವುದು ನಿಂತು ವರ್ಷಗಳೇ ಆದವು, ಮಕ್ಕಳಿಗೆ ಮೊದಲೇ ಹೇಳಿಟ್ಟಿರಿ. ಮೆಟ್ಟಿಲ ಅಂಚಿನಲ್ಲಿ ಹಾವು ಹರಿದಂತೆ ಕಾಣುವ ನೆರಳಿನ ಆಟ ಮಾರ್ಚ್ ಮತ್ತು ಸೆಪ್ಟೆಂಬರ್‌ನಲ್ಲಿ ಹಗಲು ರಾತ್ರಿ ಸಮವಾಗುವ ದಿನಗಳದ್ದು, ಡಿಸೆಂಬರ್‌ನಲ್ಲಿ ಹುಡುಕಬೇಡಿ.

ಅಲ್ಲಿಂದ ಚೆಂಡಾಟದ ದೊಡ್ಡ ಅಂಗಳಕ್ಕೆ. 168 ಮೀಟರ್ ಉದ್ದ, 70 ಮೀಟರ್ ಅಗಲ, ಗೋಡೆಯ ಮೇಲೆ ಸುಮಾರು ಆರು ಮೀಟರ್ ಎತ್ತರದಲ್ಲಿ ಕಲ್ಲಿನ ಬಳೆ. ಕೆಳಗಿನ ಉಬ್ಬು ಚಿತ್ರಗಳಲ್ಲಿ ತಲೆ ಕಡಿದ ಆಟಗಾರನ ಕತ್ತಿನಿಂದ ರಕ್ತ ಹಾವುಗಳಾಗಿ ಚಿಮ್ಮುವುದನ್ನು ಕೆತ್ತಿದ್ದಾರೆ, ಪಕ್ಕದಲ್ಲೇ ತಲೆಬುರುಡೆಗಳ ಕಟ್ಟೆ. ಏಳು ವರ್ಷದವನಿಗೋ ಏಳು ವರ್ಷದವಳಿಗೋ ಇದನ್ನು ಎಷ್ಟು ವಿವರಿಸಬೇಕೆಂದು ಮಾರ್ಗದರ್ಶಿಗೆ ಮೊದಲೇ ಹೇಳಿ. ಆಮೇಲೆ ಯೋಧರ ಗುಡಿ, ಸಾಲುಗಂಬಗಳು, ದಕ್ಷಿಣಕ್ಕೆ ಎಲ್ ಕರಕೋಲ್ ಎಂಬ ದುಂಡನೆಯ ವೀಕ್ಷಣಾಲಯ. ಅದರ ಕಿಟಕಿಗಳು ಶುಕ್ರಗ್ರಹ ಕಾಣುವ ದಿಕ್ಕಿನ ಕೊನೆಗಳಿಗೆ ಹೊಂದಿಕೊಂಡಿವೆ. ಹೆಚ್ಚಿನ ಬಸ್ ಗುಂಪುಗಳು ಈ ಕಡೆ ಬರುವುದೇ ಇಲ್ಲ.

ಉತ್ತರಕ್ಕೆ ಮುನ್ನೂರು ಮೀಟರ್ ನಡೆದರೆ ಪವಿತ್ರ ಸೆನೋಟೆ, ಸುಮಾರು 60 ಮೀಟರ್ ಅಗಲದ ಹಸಿರು ನೀರಿನ ಬಾವಿ. ಊರಿನ ಹೆಸರೇ ಇದರಿಂದ ಬಂದದ್ದು: ಚಿ ಎಂದರೆ ಬಾಯಿ, ಚೆನ್ ಎಂದರೆ ಬಾವಿ, ಇಟ್ಜಾ ಜನರ ಬಾವಿಯ ಬಾಯಿ. ಎಡ್ವರ್ಡ್ ಥಾಂಪ್ಸನ್ ಎಂಬಾತ 1904ರಿಂದ ಇದರ ತಳ ತೋಡಿಸಿ ಜೇಡ್, ಚಿನ್ನ, ಧೂಪದ ಉಂಡೆ, ಮನುಷ್ಯರ ಮೂಳೆ ತೆಗೆಸಿದ. ಬಹುಪಾಲು ಹಾರ್ವರ್ಡ್‌ನ ಪೀಬಡಿ ಸಂಗ್ರಹಾಲಯ ಸೇರಿತು, ಒಂದಷ್ಟು ಮುಂದೆ ಮೆಕ್ಸಿಕೊಗೆ ಮರಳಿತು. ಇಲ್ಲಿ ಇಳಿಯುವಂತಿಲ್ಲ. ದಾರಿ ಏರುಪೇರು, ಎರಡೂ ಬದಿ ಅಂಗಡಿ; ತಾಯಿಯವರು ಇದನ್ನು ಬಿಟ್ಟರೆ ನಷ್ಟವೇನಿಲ್ಲ. ಉಳಿದ ಆವರಣ ಬಹುತೇಕ ಸಮತಟ್ಟು, ಎಲ್ಲ ನೋಡಿದರೆ ಮೂರು ನಾಲ್ಕು ಕಿಲೊಮೀಟರ್ ನಡಿಗೆ. ಕುಳಿತುಕೊಳ್ಳುವ ಜಾಗ ಕಡಿಮೆ, ಆದ್ದರಿಂದ ಬಿಚ್ಚಿದರೆ ಸ್ಟೂಲ್ ಆಗುವ ಊರುಗೋಲು ತನ್ನಿ. ಅದಕ್ಕಿಂತ ಉಪಯೋಗದ ವಸ್ತು ಆ ದಿನ ಇನ್ನೊಂದಿಲ್ಲ. ಹತ್ತೂವರೆಗೆ ನೀವು ಹೊರಗೆ ಬರುವಾಗ ಬಸ್ಸುಗಳು ಒಂದರ ಹಿಂದೆ ಒಂದು ಒಳಗೆ ಬರುತ್ತಿರುತ್ತವೆ.

ಇನ್ನು ನೀರು. ಯುಕಟಾನ್‌ನ ಉತ್ತರ ಭಾಗದಲ್ಲಿ ನದಿಯೇ ಇಲ್ಲ. ನೆಲವೆಲ್ಲ ಸುಣ್ಣಕಲ್ಲು. ಬಿದ್ದ ಮಳೆ ನೇರ ಒಳಗೆ ಇಳಿಯುತ್ತದೆ, ಇಳಿಯುತ್ತ ಕಲ್ಲನ್ನು ಕರಗಿಸಿ ಗುಹೆ ಮಾಡುತ್ತದೆ, ಗುಹೆಯ ಚಾವಣಿ ಕುಸಿದಾಗ ಅಡಿಯ ನೀರು ಬೆಳಕಿಗೆ ಬರುತ್ತದೆ. ಅದೇ ಸೆನೋಟೆ. ಮಾಯಾ ನಗರಗಳು ಇವುಗಳ ಸುತ್ತಲೇ ಬೆಳೆದವು, ಇಂದಿಗೂ ಅಲ್ಲಿನವರು ಕುಡಿಯುವುದು ಇದೇ ಅಂತರ್ಜಲ. ಹಾಗಾಗಿ ಸನ್‌ಸ್ಕ್ರೀನ್, ಸೊಳ್ಳೆ ಮುಲಾಮು ಹಚ್ಚಿಕೊಂಡು ಇಳಿಯುವಂತಿಲ್ಲ, ಮೊದಲು ಸ್ನಾನ ಕಡ್ಡಾಯ. "ಪರಿಸರಸ್ನೇಹಿ" ಎಂದು ಬರೆದಿರುವ ಡಬ್ಬಿಗೂ ಇದೇ ನಿಯಮ. ನಮ್ಮವರು ಮರೆಯುವುದು ತಲೆಯ ಕೊಬ್ಬರಿ ಎಣ್ಣೆಯನ್ನು. ಅಂದು ಬೆಳಿಗ್ಗೆ ಯಾರೂ ಎಣ್ಣೆ ಹಚ್ಚುವುದು ಬೇಡ. ಬಿಸಿಲಿಗೆ ಮುಲಾಮಿನ ಬದಲು ತುಂಬುತೋಳಿನ ಅಂಗಿ, ಟೋಪಿ ಸಾಕು.

ಯಾವ ಸೆನೋಟೆ? ಪ್ಯಾಕೇಜುಗಳು ತೋರಿಸುವುದು ಇಕ್ ಕಿಲ್. ಅವಶೇಷದಿಂದ ಮೂರೇ ಕಿಲೊಮೀಟರ್, ಮೇಲಿಂದ ಬೇರುಗಳು ಇಳಿಬಿದ್ದು ನೋಡಲು ಅದ್ಭುತ. ಆದರೆ ನೀರು ನೆಲದಿಂದ ಸುಮಾರು 26 ಮೀಟರ್ ಕೆಳಗೆ, ಒದ್ದೆ ಕಲ್ಲಿನ ಮೆಟ್ಟಿಲು, ನೀವು ತಲುಪುವ ಹೊತ್ತಿಗೆ ಮೆಟ್ಟಿಲಿಗೇ ಸಾಲು. ಸುಯ್ತುನ್ ಇನ್ನೊಂದು ಆಕರ್ಷಣೆ: ನೀರಿನ ನಡುವೆ ದುಂಡು ಕಟ್ಟೆ, ಅದರ ಮೇಲೆ ನೆಟ್ಟಗೆ ಬೀಳುವ ಬೆಳಕಿನ ಕೋಲು. ಆ ಚಿತ್ರ ನೋಡಿ ಹೋಗುವವರು ತಿಳಿದಿರಬೇಕಾದ್ದೇನೆಂದರೆ, ಅಲ್ಲಿ ಸೂರ್ಯ ನಡುನೆತ್ತಿಗೆ ಬರುವುದು ಮೇ ಮತ್ತು ಜುಲೈ ತಿಂಗಳಲ್ಲಿ. ಡಿಸೆಂಬರ್ ಕೊನೆಗೆ ಮಧ್ಯಾಹ್ನದ ಸೂರ್ಯ 46 ಡಿಗ್ರಿ ಎತ್ತರದಲ್ಲಷ್ಟೇ ಇರುತ್ತಾನೆ, ಬೆಳಕು ಓರೆಯಾಗಿ ಬೀಳುತ್ತದೆ. ಒಂದು ಫೋಟೊಗೆ ಮುಕ್ಕಾಲು ಗಂಟೆ ಸಾಲು ನಿಂತು ಬೇರೆಯೇ ಚಿತ್ರ ಪಡೆಯುವುದು ಬೇಡ.

ನಿಮ್ಮ ಗುಂಪಿಗೆ ಹೊಂದುವುದು ವಯ್ಯಾದೊಲಿದ್ ಹತ್ತಿರದ ಓಷ್‌ಮಾನ್. ಚಿಚೆನ್ ಇಟ್ಜಾದಿಂದ ಮುಕ್ಕಾಲು ಗಂಟೆ, ಕ್ಯಾನ್‌ಕುನ್‌ಗೆ ಮರಳುವ ದಿಕ್ಕಿನಲ್ಲೇ. ಹಳೆಯ ಜಮೀನುದಾರಿ ಬಂಗಲೆಯ ಆವರಣ; ಮೇಲೆ ಈಜುಕೊಳ, ನೆರಳು, ತಿಂಡಿ ಸಿಗುವ ಜಾಗ. ಸೆನೋಟೆಗೆ ಇಳಿಯುವ ಮೆಟ್ಟಿಲು ಕಡಿದಾಗಿವೆ, ತಾಯಿಯವರಿಗೆ ಆಗದು. ಆದರೆ ಅವರು ಮೇಲಿನ ಕಟ್ಟೆಯಿಂದಲೇ ಬಾವಿಯನ್ನೂ ಒಳಗೆ ಈಜುವ ನಿಮ್ಮನ್ನೂ ನೋಡಬಹುದು. ಇಳಿಯಲಾಗದವರು ವ್ಯಾನಿನಲ್ಲಿ ಕಾಯಬೇಕಾದ ಸೆನೋಟೆಗಳೇ ಹೆಚ್ಚು, ಈ ವ್ಯತ್ಯಾಸ ಸಣ್ಣದಲ್ಲ. ಅಲ್ಲಿ ಜನ ಹೆಚ್ಚೆನಿಸಿದರೆ ಪಟ್ಟಣದ ನಡುವೆಯೇ ಇರುವ ಸಸಿ ಸೆನೋಟೆಗೆ ಹೋಗಿ (ನಮ್ಮ ಗಿಡದ ಸಸಿಯಲ್ಲ, ಮಾಯಾ ಭಾಷೆಯಲ್ಲಿ ಬಿಳಿ ಗಿಡುಗ). ಅದನ್ನೂ ಮೇಲಿಂದ ನೋಡುತ್ತ ಕೂರಬಹುದು. ಪ್ರವೇಶ ಶುಲ್ಕ ಹೆಚ್ಚಿನ ಕಡೆ 100ರಿಂದ 250 ಪೆಸೊ, ಎಷ್ಟೋ ಕಡೆ ನಗದು ಮಾತ್ರ.

ನೀರಿನ ಉಷ್ಣತೆ ವರ್ಷವಿಡೀ 24–25 ಡಿಗ್ರಿ. ಕೇಳಲು ಹಿತ, ಇಳಿದಾಗ ಮೈ ಜುಮ್ಮೆನ್ನುತ್ತದೆ. ತಂದೆಯವರು ಧುಮುಕದೆ, ಕಾಲು, ಸೊಂಟ, ಎದೆ ಎಂದು ಮೆಲ್ಲಗೆ ಇಳಿಯಲಿ. ಹೃದಯದ ತೊಂದರೆ ಇದ್ದರೆ ವೈದ್ಯರನ್ನು ಕೇಳಿಯೇ ಹೊರಡಿ. ಊರ ಕೆರೆಯಲ್ಲಿ ಈಜಿದವರಿಗೂ ಇಲ್ಲಿ ಒಂದು ವಿಷಯ ಹೊಸದು: ದಡವೇ ಇಲ್ಲ. ಮೆಟ್ಟಿಲು ಮುಗಿದ ಕೂಡಲೇ ಹತ್ತಾರು ಮೀಟರ್ ಆಳ, ನಿಲ್ಲಲು ನೆಲ ಸಿಗದು. ಸಿಹಿನೀರಾದ್ದರಿಂದ ಸಮುದ್ರದಷ್ಟು ತೇಲಿಸುವುದೂ ಇಲ್ಲ. ಈಜು ಬರಲಿ, ಬಾರದಿರಲಿ, ನೀರಿಗಿಳಿಯುವ ಎಲ್ಲರಿಗೂ ಲೈಫ್ ಜಾಕೆಟ್. ಮಕ್ಕಳ ಅಳತೆಯದು ಬೇಗ ಖಾಲಿಯಾಗುತ್ತದೆ. ಏಳು ವರ್ಷದ ಮಗುವಿಗೆ ಡಲ್ಲಾಸ್‌ನಿಂದಲೇ ಒಂದು ಒಯ್ಯಿರಿ. ತೊಡೆಯ ನಡುವಿನ ಪಟ್ಟಿಯನ್ನು ಕಟ್ಟದಿದ್ದರೆ ಜಾಕೆಟ್ ಮೇಲೆ ಜಾರಿ ಮಗು ಕೆಳಗೆ ಜಾರುತ್ತದೆ. ಹಗ್ಗದ ಉಯ್ಯಾಲೆಯಿಂದ ಹಾರುವುದು ಈಜು ಬಲ್ಲವರಿಗೆ ಮಾತ್ರ, ಅದೂ ಕೆಳಗಿನ ಜಾಗ ಖಾಲಿಯಾದ ಮೇಲೆ.

ಹತ್ತಿಯ ಚೂಡಿದಾರ, ದುಪಟ್ಟಾ, ಪಂಚೆ ನೀರಿನಲ್ಲಿ ಭಾರವಾಗಿ ಕಾಲಿಗೆ ಸುತ್ತಿಕೊಳ್ಳುತ್ತವೆ. ಮೈ ಮುಚ್ಚುವ ಉಡುಪೇ ಬೇಕೆಂದರೆ ತುಂಬುತೋಳಿನ ಈಜು ಅಂಗಿ, ಲೆಗ್ಗಿಂಗ್ಸ್. ಉಂಗುರ, ಸಡಿಲ ಬಳೆ, ಓಲೆ ಹೋಟೆಲಿನಲ್ಲೇ ಇರಲಿ. ತಣ್ಣೀರಿನಲ್ಲಿ ಬೆರಳು ಸಣ್ಣಗಾಗಿ ಉಂಗುರ ಜಾರಿದರೆ ಅದನ್ನು ಹುಡುಕಲು ಮುಳುಗುಗಾರರೇ ಬೇಕು. ಮಾಂಗಲ್ಯ ತೆಗೆಯಲು ಮನಸ್ಸಿಲ್ಲದಿದ್ದರೆ ಅಂಗಿಯ ಒಳಗೆ ಸೇರಿಸಿ ಜಾಕೆಟ್ ಕಟ್ಟಿಕೊಳ್ಳಿ. ಹಿಡಿತವಿರುವ ರಬ್ಬರ್ ಚಪ್ಪಲಿ ಬೇಕು, ಹವಾಯಿ ಚಪ್ಪಲಿ ಪಾಚಿಯ ಮೇಲೆ ಜಾರುತ್ತದೆ. ಕಾಂಟ್ಯಾಕ್ಟ್ ಲೆನ್ಸ್ ತೆಗೆದಿಡಿ, ನೀರು ಬಾಯಿಗೆ ಹೋಗದಂತೆ ಮಕ್ಕಳಿಗೆ ಹೇಳಿ. ಎಷ್ಟೇ ತಿಳಿಯಾಗಿ ಕಂಡರೂ ಅದು ಶುದ್ಧೀಕರಿಸದ ನೀರು.

ಊಟಕ್ಕೆ ಒಂದೂಕಾಲರ ಹೊತ್ತಿಗೆ ವಯ್ಯಾದೊಲಿದ್. ಇಲ್ಲಿ "ವೆಜಿಟೇರಿಯನ್" ಎಂದರೆ ಕೋಳಿ ಸಾರಿನಲ್ಲಿ ಬೇಯಿಸಿದ ಅನ್ನ ಬರಬಹುದು, ಹಂದಿ ಕೊಬ್ಬಿನಲ್ಲಿ ಹುರಿದ ಕಾಳು ಬರಬಹುದು. ಆ ಕೊಬ್ಬಿಗೆ ಅಲ್ಲಿ "ಮಾಂತೆಕಾ" ಎನ್ನುತ್ತಾರೆ. "ಮಾಂತೆಕಿಯಾ" ಎಂದರೆ ಬೆಣ್ಣೆ, ಅದಕ್ಕೆ ಹೆದರಬೇಕಿಲ್ಲ. ಫೋನಿನಲ್ಲಿ ಬರೆದಿಟ್ಟುಕೊಂಡು ತೋರಿಸಿ: "ಸಿನ್ ಕಾರ್ನೆ, ಸಿನ್ ಪೊಯ್ಯೊ, ಸಿನ್ ಪೆಸ್ಕಾದೊ, ಸಿನ್ ವೆವೊ, ಸಿನ್ ಮಾಂತೆಕಾ, ಸಿನ್ ಕಾಲ್ದೊ ದೆ ಪೊಯ್ಯೊ." ಮಾಂಸ, ಕೋಳಿ, ಮೀನು, ಮೊಟ್ಟೆ, ಹಂದಿ ಕೊಬ್ಬು, ಕೋಳಿ ಸಾರು ಯಾವುದೂ ಬೇಡ ಎಂದು ಅರ್ಥ. ತಮಾಲೆಯ ಹಿಟ್ಟಿಗೇ ಕೊಬ್ಬು ಕಲಸುವುದರಿಂದ ಅದನ್ನು ಬಿಡಿ. ಪಾಪಡ್‌ಸೂಲೆಸ್ ನೋಡಲು ಸಸ್ಯಾಹಾರ, ಒಳಗೆ ಮೊಟ್ಟೆ. ಧೈರ್ಯವಾಗಿ ಕೇಳಬಹುದಾದ್ದು ಸಿಕಿಲ್ ಪಾಕ್: ಹುರಿದ ಕುಂಬಳಬೀಜ, ಸುಟ್ಟ ಟೊಮೆಟೊ, ಕೊತ್ತಂಬರಿ ಸೇರಿಸಿ ಅರೆದದ್ದು. ತಾಯಿಯವರು ಒಂದು ತುತ್ತಿಗೇ ಇದು ಚಟ್ನಿ ಎಂದು ತೀರ್ಪು ಕೊಡುತ್ತಾರೆ. ಮೆಕ್ಕೆಜೋಳದ ರೊಟ್ಟಿಯಾದ ತೋರ್ತಿಯಾ, ಅದರಲ್ಲಿ ಚೀಸ್ ಹಾಕಿದ ಕೆಸದಿಯಾ, ಅವಕಾಡೊ, ಚಾಯಾ ಸೊಪ್ಪಿನ ಪಲ್ಯ, ನಿಂಬೆ ಹಿಂಡಿದ ಚಾಯಾ ಪಾನಕ, ಖಾರಪುಡಿ ಉದುರಿಸಿದ ಹಣ್ಣು, ಇಷ್ಟರಲ್ಲಿ ಹೊಟ್ಟೆ ತುಂಬುತ್ತದೆ. ಹಬನೇರೊ ಮೆಣಸಿನ ಚಟ್ನಿಯನ್ನು ನಮ್ಮ ಬ್ಯಾಡಗಿಯ ಲೆಕ್ಕದಲ್ಲಿ ಬಡಿಸಿಕೊಳ್ಳಬೇಡಿ, ಕಡ್ಡಿ ತುದಿಯಷ್ಟು ಸಾಕು. ಬೆಳಗಿನ ತಿಂಡಿಗೆ ಚಪಾತಿ, ಚಟ್ನಿಪುಡಿ ವ್ಯಾನಿನಲ್ಲೇ ಮುಗಿಸಿ; ಅವಶೇಷದ ಒಳಗೆ ಊಟ ಒಯ್ಯಲು ಬಿಡುವುದಿಲ್ಲ, ನೀರು ತಲೆಗೊಂದು ಲೀಟರ್ ಇರಲಿ.

ಊಟವಾದ ಮೇಲೆ ಪಟ್ಟಣದ ಚೌಕದಲ್ಲಿ ಅರ್ಧ ಗಂಟೆ, ಯುಕಟಾನ್ ಸಮಯ ಮೂರಕ್ಕೆ ಹೊರಟರೆ ಎರಡು ಗಂಟೆಯ ದಾರಿ, ಕ್ಯಾನ್‌ಕುನ್ ಸಮಯ ಆರರ ಸುಮಾರಿಗೆ ಕೋಣೆಯಲ್ಲಿರುತ್ತೀರಿ.

ತಾಯಿಯವರಿಗೆ ಅಷ್ಟು ನಡೆಯುವುದೂ ಕಷ್ಟವೆನಿಸಿದರೆ ಚಿಚೆನ್ ಇಟ್ಜಾ ಬಿಟ್ಟು ಬೇರೊಂದು ದಿನಕ್ಕೆ ಕೋಬಾ ಒಂದನ್ನೇ ಇಟ್ಟುಕೊಳ್ಳಿ. ಅಲ್ಲಿ ಕಾಡಿನ ನೆರಳಿದೆ, ಮುಂದೆ ಇಬ್ಬರನ್ನು ಕೂರಿಸಿ ತುಳಿಯುವ ಮೂರು ಚಕ್ರದ ಸೈಕಲ್ ಬಾಡಿಗೆಗೆ ಸಿಗುತ್ತದೆ, 42 ಮೀಟರ್ ಎತ್ತರದ ನೊಹೊಚ್ ಮುಲ್ ಪಿರಮಿಡ್ಡಿನ ಬುಡದವರೆಗೂ ಕೂತೇ ಹೋಗಬಹುದು. ಅದು ಚಿಚೆನ್ ಇಟ್ಜಾದಷ್ಟು ಪ್ರಸಿದ್ಧವಲ್ಲ, ಆದರೆ ನಡೆಯಲಾಗದವರು ಇಡೀ ಜಾಗವನ್ನು ನೋಡುವುದು ಸಾಧ್ಯವಿರುವುದು ಅಲ್ಲೇ.

ಕಾಗದಪತ್ರದ ಒಂದು ಮಾತು. ಅವಧಿ ಮುಗಿಯದ ಅಮೆರಿಕ ವೀಸಾ ಮುದ್ರೆ ಪಾಸ್‌ಪೋರ್ಟಿನಲ್ಲಿದ್ದರೆ ಭಾರತೀಯರಿಗೆ ಮೆಕ್ಸಿಕೊದ ಪ್ರತ್ಯೇಕ ವೀಸಾ ಬೇಡ. ತಂದೆ-ತಾಯಿಗೆ ಪ್ರವಾಸಿ ವೀಸಾ ಇರುವುದರಿಂದ ತೊಂದರೆಯಿಲ್ಲ, ಅದು ಬಹು ಪ್ರವೇಶದ್ದೇ ಎಂದು ನೋಡಿಕೊಳ್ಳಿ. ಸಿಕ್ಕಿಹಾಕಿಕೊಳ್ಳುವುದು ಸಾಮಾನ್ಯವಾಗಿ ಅವರ ಮಗ, ಸೊಸೆಯೇ: ಎಚ್1ಬಿ ಉದ್ಯೋಗ ವೀಸಾ ಮುದ್ರೆಯ ಅವಧಿ ಮುಗಿದು ಕೈಯಲ್ಲಿ ಐ-797 ಎಂಬ ಅಮೆರಿಕದ ಅನುಮೋದನೆ ಪತ್ರ ಮಾತ್ರ ಇದ್ದರೆ ಮೆಕ್ಸಿಕೊ ಪ್ರವೇಶಕ್ಕೆ ಅದು ಸಾಲದು. ವ್ಯಾನ್ ಬುಕ್ ಮಾಡುವ ಮೊದಲು ನಿಮ್ಮ ಮತ್ತು ಹೆಂಡತಿಯವರ ಪಾಸ್‌ಪೋರ್ಟ್ ತೆರೆದು ಆ ದಿನಾಂಕ ನೋಡಿ.